ಬೆನ್ನ ಮೇಲಿನ ಹಳದಿ ತೇಪೆ

ಯುದ್ಧ ನಡೆಯುತ್ತಿದ್ದಾಗ ಡೋರ್ಕಸ್ ಸೆಚೆಲ್ ಲೀಡ್ಸ್ ನಗರದ ಒಂದು ಹೊಲಿಗೆ ಕಾರ್ಖಾನೆಯಲ್ಲಿದ್ದಳು. ಸೈನ್ಯಕ್ಕೆ ಖಾಕಿ ಕೋಟು ಹೊಲಿಯುವ ಕೆಲಸ. ಒಬ್ಬಳಿಗೆ ಕಾಲರು, ಇನ್ನೊಬ್ಬಳಿಗೆ ಜೇಬು, ಡೋರ್ಕಸಳ ಪಾಲಿಗೆ ತೋಳು. ಈ ತೋಳಿನೊಳಗೆ ಯಾರ ಕೈ ಹೋಗುತ್ತದೋ, ಆ ಕೈ ಮನೆಗೆ ಮರಳುತ್ತದೋ ಇಲ್ಲವೋ ಎಂದು ಮೊದಮೊದಲು ಅವಳು ಯೋಚಿಸುತ್ತಿದ್ದಳು. ಆಮೇಲೆ ಬಿಟ್ಟಳು. ಯೋಚಿಸುತ್ತ ಹೊಲಿದರೆ ಸೂಜಿ ಬೆರಳಿಗೇ ಇಳಿಯುತ್ತಿತ್ತು.

ಯುದ್ಧ ಮುಗಿಯುತ್ತ ಬಂದಾಗ ಮೇಲ್ವಿಚಾರಕಿ ಬೇರೆಯದೇ ರಾಶಿಯೊಂದನ್ನು ತಂದು ಮೇಜಿನ ಮೇಲೆ ಸುರಿದಳು. ಅವೇ ಕೋಟುಗಳು, ಆದರೆ ಕಂದು ಬಣ್ಣದಲ್ಲಿ ಅದ್ದಿ ತೆಗೆದವು. ಪ್ರತಿಯೊಂದರ ಬೆನ್ನಿನಲ್ಲೂ ಊಟದ ತಟ್ಟೆಯಷ್ಟಗಲ ದುಂಡಗೆ ಕತ್ತರಿಸಿ ತೆಗೆಯಬೇಕು, ಆ ತೂತಿಗೆ ಹಳದಿ ಬಟ್ಟೆ ಕೂರಿಸಬೇಕು. ಪ್ಯಾಂಟಿನ ಮೊಣಕಾಲಿಗೂ ಹಾಗೆಯೇ.

“ಅಲ್ಲಾ, ಗಟ್ಟಿಮುಟ್ಟಾದ ಬಟ್ಟೇನ ಯಾಕೆ ಹಾಳು ಮಾಡ್ಬೇಕು? ಮೇಲೇನೇ ಹಚ್ಚಿ ಹೊಲಿದ್ರೆ ಆಗಲ್ವಾ?” ಎಂದಳು ಡೋರ್ಕಸ್.

“ಹಚ್ಚಿದ್ದನ್ನ ಬಿಚ್ಚಬಹುದು ಕಣೇ. ತೂತನ್ನ ಬಿಚ್ಚೋಕಾಗತ್ತಾ? ಇವು ಜರ್ಮನ್ ಕೈದಿಗಳಿಗೆ. ತೇಪೆ ಕಿತ್ತುಕೊಂಡು ಓಡಿಹೋದ್ರೂ ಬೆನ್ನಲ್ಲಿ ಕಿಟಕಿ ಉಳಿದಿರತ್ತೆ.”

ಸಾಲಿನ ಹೆಂಗಸರೆಲ್ಲ ನಕ್ಕರು, ಡೋರ್ಕಸಳೂ ನಕ್ಕಳು. ಆದರೂ ಹೊಸ ಬಟ್ಟೆಗೆ ಕತ್ತರಿ ಇಟ್ಟಾಗ ಬರುವ ‘ಕರ್ರ್’ ಎಂಬ ಸದ್ದು ಅವಳಿಗೆ ಕೊನೆಯವರೆಗೂ ಒಗ್ಗಲಿಲ್ಲ.

ಯುದ್ಧ ಮುಗಿದ ಮೇಲೆ ಅವಳು ವಾಡ್ನಿಗೆ, ಅಪ್ಪನ ಮನೆಗೆ ವಾಪಸ್ಸಾದಳು. ವಾಡ್ನಿ, ಜೌಗು ಬತ್ತಿಸಿ ಹೊಲ ಮಾಡಿದ ಫೆನ್ ಸೀಮೆಯ ಹಳ್ಳಿ. ಸುತ್ತ ಎತ್ತ ನೋಡಿದರೂ ಕಪ್ಪುಮಣ್ಣಿನ ಬಯಲು, ಬಯಲಿಗಿಂತ ಎತ್ತರದಲ್ಲಿ ಎರಡು ಏರಿಗಳ ನಡುವೆ ಹರಿಯುವ ನದಿ. ಊರಲ್ಲಿ ದಿಬ್ಬ ಅಂತ ಇದ್ದದ್ದು ಒಂದೇ, ಅದರ ಮೇಲೆ ಸೆಚೆಲ್ ಮನೆ. ಅಪ್ಪ ಜೇಬೆಜ್ ಸೆಚೆಲ್‌ಗೆ ಅರವತ್ತು ದಾಟಿತ್ತು. ಹಂದಿ ಸಾಕುತ್ತಿದ್ದ, ಕಟ್ಟಿಸಿಕೊಂಡ ಹಲ್ಲು ಸಡಿಲವಾಗಿದ್ದರೂ ಯಾವಾಗಲೂ ಪೈಪು ಕಚ್ಚಿಕೊಂಡಿರುತ್ತಿದ್ದ, ಮೊದಲ ಮಹಾಯುದ್ಧಕ್ಕೆ ಹೋಗಿ ಬಂದಿದ್ದ. ಆ ಯುದ್ಧದ ಕೊನೆಯ ವರ್ಷ ಜರ್ಮನರ ಕೈಗೆ ಸಿಕ್ಕಿ ಸೆರೆಯಲ್ಲಿದ್ದ ಎಂಬುದು ಊರಿಗೆಲ್ಲ ಗೊತ್ತಿತ್ತು. ಅಲ್ಲಿ ಏನಾಯಿತು ಎಂಬುದು ಮಗಳಿಗೂ ಗೊತ್ತಿರಲಿಲ್ಲ. ಕೇಳಿದರೆ, “ಅಲ್ಲಿ ಆಲೂಗಡ್ಡೆ ಚಿಕ್ಕದು,” ಎಂದಷ್ಟೇ ಹೇಳಿ ಎದ್ದುಹೋಗುತ್ತಿದ್ದ.

ಸಕ್ಕರೆ ಕಾರ್ಖಾನೆಯ ಆಚೆ, ತಗಡಿನ ಗುಡಿಸಲುಗಳ ಕ್ಯಾಂಪಿನಲ್ಲಿ ಜರ್ಮನ್ ಕೈದಿಗಳಿದ್ದರು. ಯುದ್ಧ ಮುಗಿದು ಒಂದೂವರೆ ವರ್ಷವಾದರೂ ಅವರನ್ನು ಊರಿಗೆ ಕಳಿಸಿರಲಿಲ್ಲ. ಸಕ್ಕರೆ ತೆಗೆಯುವ ಬೀಟ್ ಗಡ್ಡೆ ಕೀಳಲು, ಕಾಲುವೆ ಕೆಸರು ಬಳಿಯಲು ಆಳುಗಳು ಬೇಕಿದ್ದರು. ಬಯಲಿನಲ್ಲಿ ಸಾಲಾಗಿ ಬಗ್ಗಿ ನಿಂತಾಗ ಅವರ ಬೆನ್ನುಗಳ ಹಳದಿ ದುಂಡುಗಳು ಮೈಲಿ ದೂರದಿಂದ ಕಾಣುತ್ತಿದ್ದವು. ಡೋರ್ಕಸ್ ಆ ದಾರಿಯಲ್ಲಿ ಸೈಕಲ್ ತುಳಿಯುವಾಗೆಲ್ಲ ಮುಖ ಬೇರೆ ಕಡೆ ತಿರುಗಿಸುತ್ತಿದ್ದಳು.

ನಲವತ್ತಾರರ ಕ್ರಿಸ್‌ಮಸ್‌ಗೆ ಸರ್ಕಾರ ಮನಸ್ಸು ಸ್ವಲ್ಪ ಸಡಿಲಿಸಿತು. ಇಷ್ಟವಿದ್ದವರು ಕೈದಿಗಳನ್ನು ಮನೆಗೆ ಊಟಕ್ಕೆ ಕರೆಯಬಹುದು ಎಂದು ಪಾದ್ರಿ ಚಾಪೆಲ್ಲಿನಲ್ಲಿ ಹೇಳಿದರು. ಯಾರೂ ಕೆಮ್ಮಲೂ ಇಲ್ಲ. ಡೋರ್ಕಸ್ ಕೈ ಎತ್ತಿದಳು. ಯಾಕೆ ಎತ್ತಿದೆ ಎಂದು ಅವಳಿಗೇ ಸರಿಯಾಗಿ ತಿಳಿಯಲಿಲ್ಲ.

“ಕರಿ, ಧಾರಾಳವಾಗಿ ಕರಿ,” ಎಂದ ಅಪ್ಪ ಮನೆಗೆ ಬರುವ ದಾರಿಯಲ್ಲಿ. “ನಾನು ಹಂದಿಗಳ ಜೊತೆ ಊಟ ಮಾಡ್ತೀನಿ.”

“ಮಾಡಪ್ಪ. ಅವಕ್ಕೂ ಹಬ್ಬ ಆಗತ್ತೆ.”

ಮುದುಕ ಹೇಳಿದಂತೆಯೇ ಮಾಡಿದ. ಹಬ್ಬದ ದಿನ ಬಾಗಿಲು ತಟ್ಟಿದ ಸದ್ದು ಕೇಳಿದ್ದೇ ತನ್ನ ತಟ್ಟೆಯನ್ನು ಬಟ್ಟೆಯಿಂದ ಮುಚ್ಚಿಕೊಂಡು ಹಿತ್ತಲಿನಿಂದ ಹಂದಿಗೂಡಿಗೆ ನಡೆದ.

ಬಂದವನ ಹೆಸರು ಏವಾಲ್ಡ್ ಲಿಂಡಿಗ್. ಮೂವತ್ತೆಂಟರ ಆಸುಪಾಸು, ಉದ್ದ ಕೈಗಳು, ಬಿಸಿಲುಗಾಳಿಗೆ ಒರಟಾದ ಮುಖ. ಎಲ್ಬ್ ನದಿಯ ಮೇಲೆ ಸರಕಿನ ದೋಣಿ ನಡೆಸುತ್ತಿದ್ದವನು. ತಂದೆತಾಯಿ ಇಲ್ಲ. ದೋಣಿ ಬಾಂಬಿಗೆ ಸಿಕ್ಕಿ ನದಿಯ ತಳ ಸೇರಿತ್ತು. ಟೋಪಿಯನ್ನು ಎರಡೂ ಕೈಯಲ್ಲಿ ಹಿಡಿದು, ಗೋಡೆಗೆ ಬೆನ್ನು ಕೊಟ್ಟ ಕುರ್ಚಿಯನ್ನೇ ಹುಡುಕಿ ಕುಳಿತ. ಪುಡಿಂಗ್ ಬಡಿಸಲು ಡೋರ್ಕಸ್ ಅವನ ಪಕ್ಕ ಬಗ್ಗಿದಾಗ ಆ ಹಳದಿಯ ಅಂಚು ಕಂಡಿತು. ಸಣ್ಣ, ಒತ್ತಾದ, ಎರಡು ಸಾಲಿನ ಹೊಲಿಗೆ. ತಮ್ಮ ಕಾರ್ಖಾನೆಯದೇ.

“ಈ ಕೋಟು ನಾನೇ ಹಾಳು ಮಾಡಿರ್ಬಹುದು,” ಎಂದುಬಿಟ್ಟಳು. ಮುಖ ಕೆಂಪಾಯಿತು.

ಅವನಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದ ಮೇಲೆ ಚಮಚ ಕೆಳಗಿಟ್ಟು ನಿಧಾನವಾಗಿ ಹೇಳಿದ: “ಒಳ್ಳೆ ಹೊಲಿಗೆ. ಚಳಿಗಾಲ ಎರಡು ಆಯ್ತು, ಒಂದು ನೂಲೂ ಬಿಟ್ಟಿಲ್ಲ.”

“ಬೇಜಾರಿಲ್ವಾ ನಿಮಗೆ?”

“ಬೆನ್ನಿನ ಮೇಲಿರೋದು ನನಗೆ ಕಾಣಲ್ಲ. ಅದು ನೋಡೋವ್ರ ಪಾಡು.”

ಆಮೇಲೆ ಅವನು ಭಾನುವಾರಗಳಂದು ಬರತೊಡಗಿದ. ಪಾತ್ರೆ ಒರೆಸಿಕೊಡುತ್ತಿದ್ದ, ಬಾಗಿಲಿನ ಕೀಲಿಗೆ ಎಣ್ಣೆ ಹಾಕುತ್ತಿದ್ದ, ಅವಳಿಗೆ ಹಗ್ಗದ ಗಂಟುಗಳನ್ನು ಕಲಿಸುತ್ತಿದ್ದ. ಗಂಟು ಕಲಿಯುವಾಗ ಎರಡು ಜೊತೆ ಕೈಗಳು ಒಂದೇ ಹಗ್ಗದ ಮೇಲಿರುತ್ತವಲ್ಲ, ಅದನ್ನು ಇಬ್ಬರೂ ಮಾತಿಗೆ ತರಲಿಲ್ಲ. ಜೇಬೆಜ್ ಮಾತ್ರ ಪ್ರತಿ ಭಾನುವಾರ ಹಂದಿಗೂಡಿನಲ್ಲೇ. ಹಂದಿಗಳು ಅಷ್ಟು ಚೊಕ್ಕಟವಾಗಿ ಹಿಂದೆಂದೂ ಇರಲಿಲ್ಲ.

ಆ ವರ್ಷದ ಹಿಮವನ್ನು ಫೆನ್ ಸೀಮೆಯವರು ಈಗಲೂ ನೆನೆಯುತ್ತಾರೆ. ಜನವರಿಯಿಂದ ಮಾರ್ಚ್‌ವರೆಗೆ ನೆಲ ಕಾಣಲಿಲ್ಲ. ಮಾರ್ಚ್ ನಡುವೆ ಹಿಮವೆಲ್ಲ ಒಟ್ಟಿಗೇ ಕರಗಿತು, ಮೇಲಿಂದ ಮಳೆ, ಅದರ ಮೇಲೆ ಬಿರುಗಾಳಿ. ನದಿ ಏರಿಯ ನೆತ್ತಿಗೆ ಬಂದು ನಿಂತಿತು. ಊರಿನ ಗಂಡಸರು, ಸೈನಿಕರು, ಕೈದಿಗಳು ಎಲ್ಲರೂ ಏರಿಯ ಮೇಲೆ ಮರಳುಚೀಲ ಹೊತ್ತರು. ಕೆಳಗಿನ ಮನೆಗಳವರು ಹಾಸಿಗೆ, ಕೋಳಿ, ಗಡಿಯಾರ ಹೊತ್ತುಕೊಂಡು ದಿಬ್ಬ ಹತ್ತಿ ಸೆಚೆಲ್ ಮನೆ ಸೇರಿದರು. ಪಕ್ಕದ ಹೊಲದ ಹೆಪ್ಸಿಬಾ ಪೆಟಿಟ್ ಎಂಬ ವಿಧವೆ ತನ್ನ ಮಂಚವನ್ನೇ ಬಿಚ್ಚಿ ತಂದು ಅಡುಗೆಮನೆಯಲ್ಲಿ ಜೋಡಿಸಿಕೊಂಡಳು.

ಬಿರುಗಾಳಿಯ ಮಾರನೆಯ ದಿನ ಮಧ್ಯಾಹ್ನ ಏರಿ ಒಂದು ಕಡೆ ಕುಸಿಯಿತು.

ಡೋರ್ಕಸ್ ಕಿಟಕಿಯಲ್ಲಿ ನಿಂತು ನೀರು ಬಯಲಿಗೆ ಹರಡುವುದನ್ನು ನೋಡುತ್ತಿದ್ದಳು. ಅಪ್ಪ ಬೆಳಿಗ್ಗೆಯೇ ತಪ್ಪಿಸಿಕೊಂಡ ದೊಡ್ಡ ಹೆಣ್ಣುಹಂದಿಯನ್ನು ಹುಡುಕುತ್ತ ಏರಿಯ ಕಡೆ ಹೋಗಿದ್ದ. ಸಂಜೆಯ ಮಬ್ಬಿನಲ್ಲಿ ಕೊನೆಗೂ ಅಪ್ಪನ ಓವರ್‌ಕೋಟು ದಿಬ್ಬ ಹತ್ತುವುದು ಕಂಡಿತು. ಮುಂದೆ ಹಂದಿ, ಹಿಂದೆ ಕೋಲು ಹಿಡಿದ ಕೋಟು, ಕಿವಿ ಮುಚ್ಚುವಂತೆ ಎಳೆದ ಟೋಪಿ. ಅವಳ ಎದೆ ಹಗುರಾಯಿತು. ಹಗುರಾದದ್ದೇ ಸಿಟ್ಟು ಬಂತು.

“ಬೂಟು ಹೊರಗೇ ಬಿಡಪ್ಪ! ಒಂದು ಹಂದಿಗೋಸ್ಕರ ಸಾಯೋಕೆ ಹೋಗಿದ್ಯಾ? ಒಲೆ ಮುಂದೆ ಕೂತ್ಕೋ, ಮಾತಾಡ್ಬೇಡ!”

ಕೋಟು ಮಾತಾಡಲಿಲ್ಲ. ಬೂಟು ಬಿಚ್ಚಿ ಒಲೆ ಮುಂದೆ ಕುಳಿತಿತು. ಡೋರ್ಕಸ್ ಚಹಾ ಹಿಡಿದು ಬಂದು ನೋಡಿದರೆ ಟೋಪಿಯ ಕೆಳಗಿದ್ದದ್ದು ಏವಾಲ್ಡ್‌ನ ಮುಖ.

“ಅಯ್ಯೋ! ಅಪ್ಪ ಎಲ್ಲಿ?”

ಅವನು ಹೇಳಿದ್ದು ಇಷ್ಟು. ಮುದುಕ ಹಂದಿಯ ಹಿಂದೆ ನೀರಿಗಿಳಿದಿದ್ದ, ಎದೆಮಟ್ಟಕ್ಕೆ. ಇಳಿಯುವ ಮೊದಲು ಓವರ್‌ಕೋಟನ್ನು ಗೇಟಿನ ಕಂಬಕ್ಕೆ ನೇತುಹಾಕಿದ್ದ. ಏವಾಲ್ಡ್ ಅವನನ್ನು ಎಳೆದು ಮೇಲೆ ತಂದ. ಮುದುಕನ ಒದ್ದೆ ಅಂಗಿ ಕಿತ್ತೆಸೆದು, ಕೈದಿಗಳನ್ನು ತಂದಿದ್ದ ಲಾರಿಯಲ್ಲಿ ಬಿಚ್ಚಿಟ್ಟಿದ್ದ ತನ್ನ ಒಣ ಕೋಟು ತೊಡಿಸಿ, ಗುಂಡಿ ಹಾಕಿ ಲಾರಿಯಲ್ಲೇ ಕೂರಿಸಿದ. ಮುದುಕ ನಡುಗುವ ಕೈಯಲ್ಲೇ ಹಂದಿಯ ಕಡೆ ಬೊಟ್ಟು ಮಾಡಿದ, ಹಂದಿ ಏರಿಯ ಮೇಲೆ ಓಡುತ್ತಿತ್ತು. ಏವಾಲ್ಡ್ ಚಳಿಗೆ ಕಂಬದ ಮೇಲಿನ ಕೋಟನ್ನು ಎಳೆದುಕೊಂಡು ಅದರ ಹಿಂದೆ ಓಡಿದ. ಹಂದಿ ಹಿಡಿದು ತಿರುಗಿ ನೋಡಿದಾಗ ಲಾರಿಯೂ ಇರಲಿಲ್ಲ, ಮುದುಕನೂ ಇರಲಿಲ್ಲ.

ಮಂಚದ ಮೇಲಿಂದ ಹೆಪ್ಸಿಬಾ ಬಾಯಿಬಿಟ್ಟಳು.

“ಹಂಗಾದ್ರೆ ಅದು ಜೇಬೆಜೇನೇ! ನಮ್ಮ ಕೋಳಿ ತರೋಕೆ ಹೋದಾಗ ಲಾರಿ ಹೋಗ್ತಿತ್ತು ಕಣೇ. ಹಿಂದ್ಗಡೆ ಯಾವನೋ ಮುದಿ ಕೈದಿ ಎದ್ದೆದ್ದು ಕೂಗ್ತಿದ್ದ. ಪಾಪ, ತಲೆ ಕೆಟ್ಟಿದೆ ಅಂದ್ಕೊಂಡೆ.”

ಡೋರ್ಕಸ್ ಚಹಾದ ಬಟ್ಟಲನ್ನು ಮೇಜಿನ ಮೇಲಿಟ್ಟಳು. ಅಪ್ಪ ಬದುಕಿದ್ದಾನೆ, ಒಣಬಟ್ಟೆಯಲ್ಲಿದ್ದಾನೆ, ಜೈಲಿನಲ್ಲಿದ್ದಾನೆ. ಮೊದಲು ಅಳು ಬಂತು. ಅಳು ಅರ್ಧ ದಾರಿಯಲ್ಲೇ ನಗುವಾಗಿ, ಹೆಪ್ಸಿಬಾಳಿಗೂ ಹಬ್ಬಿ, ಮಂಚ ಕಿರುಗುಟ್ಟತೊಡಗಿತು.

ಏವಾಲ್ಡ್ ಮಾತ್ರ ನಗಲಿಲ್ಲ. ಬೂಟಿಗೆ ಕೈ ಹಾಕಿದ. “ನಾನು ಹೋಗ್ಬೇಕು. ಅಲ್ಲಿ ನಾನಿಲ್ಲ ಅಂದ್ರೆ ಓಡಿಹೋದ ಹಾಗೆ ಲೆಕ್ಕ.”

“ಎಲ್ಲಿಗೆ ಹೋಗ್ತೀರಾ? ರಸ್ತೆ ಮೇಲೆ ನೀರು. ಬೆಳಿಗ್ಗೆ ದೋಣೀಲಿ ಹೋಗೋಣ. ಕೂತ್ಕೊಳ್ಳಿ.”

ಅವನು ಇನ್ನೂ ಕುಳಿತಿರಲಿಲ್ಲ, ಯಾರೋ ಬಾಗಿಲು ತಟ್ಟಿದರು. ಎಳೆವಯಸ್ಸಿನ ಒಬ್ಬ ಸೇನಾಧಿಕಾರಿ, ಮೈಯೆಲ್ಲ ಕೆಸರು. ಮನೆಯಲ್ಲಿ ಎಷ್ಟು ಜನ ಸುರಕ್ಷಿತವಾಗಿದ್ದಾರೆ ಎಂದು ಕೇಳಿ ಹೋಗಲು ಸೈನ್ಯದ ದೋಣಿಯಲ್ಲಿ ಬಂದವನು. ಅವನ ಕಣ್ಣು ಒಲೆ ಮುಂದಿನ ಓವರ್‌ಕೋಟಿನ ಎದೆಯ ಮೇಲಿದ್ದ ಹಳೆಯ ಸೈನಿಕರ ಸಂಘದ ಬಿಲ್ಲೆಯ ಮೇಲೆ ಬಿತ್ತು. ನೆಟ್ಟಗೆ ನಿಂತು ಸೆಲ್ಯೂಟ್ ಹೊಡೆದ.

“ಹೋದ ಯುದ್ಧದಲ್ಲಿ ಇದ್ರಾ, ಸರ್? ಯಾವ ರೆಜಿಮೆಂಟು?”

ಏವಾಲ್ಡ್ ಬಾಯಿ ತೆರೆದರೆ ಮುಗಿಯಿತು. ಅವನು ಗದ್ದವನ್ನು ಕಾಲರಿನೊಳಗೆ ಹುದುಗಿಸಿ ದೀರ್ಘವಾಗಿ ಕೆಮ್ಮಿದ.

“ಮಾತಾಡಿಸ್ಬೇಡಿ ಸರ್,” ಎಂದಳು ಹೆಪ್ಸಿಬಾ ಮಂಚದ ಮೇಲಿಂದ, ಕಣ್ಣು ಮಿಟುಕಿಸದೆ. “ವಿಷದ ಗಾಳಿ ಕುಡಿದ ಗಂಟಲು ಅದು. ಅವತ್ತಿಂದ ಬರೀ ಕೆಮ್ಮೇ.”

ಅಧಿಕಾರಿ ತನ್ನ ಜೇಬಿನಲ್ಲಿ ಒದ್ದೆಯಾಗದೆ ಉಳಿದಿದ್ದ ಸಿಗರೇಟಿನ ಪೊಟ್ಟಣ ತೆಗೆದು ಒಲೆಯ ಕಟ್ಟೆಯ ಮೇಲಿಟ್ಟು, ಮತ್ತೊಮ್ಮೆ ಸೆಲ್ಯೂಟ್ ಹೊಡೆದು ಹೋದ. ವಿಷದ ಗಾಳಿ ಕುಡಿದ ಗಂಟಲಿಗೆ ಸಿಗರೇಟು ಕೊಟ್ಟನಲ್ಲ ಎಂದು ಹೆಪ್ಸಿಬಾ ಆಮೇಲೆ ಎಷ್ಟೋ ಕಾಲ ಹೇಳಿಕೊಂಡು ನಗುತ್ತಿದ್ದಳು.

ಏವಾಲ್ಡ್ ಆ ಪೊಟ್ಟಣವನ್ನೇ ನೋಡುತ್ತ ಕುಳಿತ. “ಐದು ವರ್ಷ ಸೈನ್ಯದಲ್ಲಿದ್ದೆ. ಅಧಿಕಾರಿ ನನಗೆ ಸೆಲ್ಯೂಟ್ ಹೊಡೆದದ್ದು ಇದೇ ಮೊದಲು,” ಎಂದ. ಈಗ ಅವನಿಗೂ ನಗು ತಡೆಯಲಾಗಲಿಲ್ಲ.

ಬೆಳಿಗ್ಗೆ ಗಾಳಿ ಅಡಗಿ, ನೀರು ಕನ್ನಡಿಯಂತೆ ನಿಂತಿತ್ತು. ಬೇಲಿಗಳ ತುದಿ, ಮರಗಳ ನೆತ್ತಿ, ಒಂದು ಹುಲ್ಲಿನ ಬಣವೆಯ ಮೇಲೆ ಸಾಲಾಗಿ ಕುಳಿತ ಕೋಳಿಗಳು. ಅಪ್ಪ ಹಾವುಮೀನು ಹಿಡಿಯಲು ಬಳಸುತ್ತಿದ್ದ ಚಪ್ಪಟೆ ದೋಣಿಯನ್ನು ಏವಾಲ್ಡ್ ನಿಂತುಕೊಂಡೇ ಕೋಲಿನಿಂದ ನಡೆಸಿದ. ಡೋರ್ಕಸ್ ಎದುರಿಗೆ ಕುಳಿತು ನೋಡುತ್ತಿದ್ದಳು. ಹೊಲದಲ್ಲಿ ಬಗ್ಗಿ ಕೆಸರು ಬಳಿಯುವಾಗ ಕಾಣದ ಒಂದು ನೆಮ್ಮದಿ ಈಗ ಅವನ ಭುಜಗಳಲ್ಲಿತ್ತು. ನೀರಿನ ಮೇಲೆ ನಿಂತಾಗ ಅವನು ಎತ್ತರವಾಗಿಬಿಟ್ಟಿದ್ದ.

ಕ್ಯಾಂಪಿನ ಗೇಟಿನಲ್ಲಿ ಪಹರೆಯವನು ಬಂದೂಕು ಅಡ್ಡ ಹಿಡಿದ. “ಹೊರಗಿನವ್ರಿಗೆ ಪ್ರವೇಶ ಇಲ್ಲ, ಯಜಮಾನ.”

“ನಾನು ಕೈದಿ. ಒಳಗೆ ಬಿಡಿ,” ಎಂದ ಏವಾಲ್ಡ್.

“ಕೈದೀನಾ? ಎಲ್ಲಿ ತೇಪೆ? ತಿರುಗು ನೋಡೋಣ.”

ಏವಾಲ್ಡ್ ತಿರುಗಿದ. ಓವರ್‌ಕೋಟಿನ ಬೆನ್ನು ಚೊಕ್ಕಟ.

“ನೋಡಪ್ಪ, ಇಲ್ಲಿ ಎಲ್ರೂ ಹೊರಗೆ ಹೋಗೋಕೆ ಒದ್ದಾಡ್ತಾರೆ. ಒಳಗೆ ಬರೋಕೆ ಒದ್ದಾಡೋನು ನೀನೊಬ್ನೇ. ಮೇಲಾಗಿ ನಿನ್ನೆ ಎಣಿಕೆ ಸರಿಯಾಗಿದೆ. ಯಾರೂ ತಪ್ಪಿಸ್ಕೊಂಡಿಲ್ಲ.”

“ಎಣಿಕೆ ಸರಿ ಇರೋದು ಯಾಕಂದ್ರೆ ಅದರಲ್ಲಿ ನಮ್ಮಪ್ಪ ಇದ್ದಾನೆ!” ಎಂದು ಡೋರ್ಕಸ್ ದನಿ ಎತ್ತಿದಳು. “ಮೇಜರ್ ಸಾಹೇಬ್ರನ್ನ ಕರೀರಿ!”

ಕ್ಯಾಂಪಿನ ಮೇಜರ್ ವೆನಿಂಗ್ ನಿದ್ದೆಯಿಲ್ಲದ ಕಣ್ಣು ಉಜ್ಜಿಕೊಳ್ಳುತ್ತ ಬಂದ. ಕಥೆ ಕೇಳುತ್ತ ಕೇಳುತ್ತ ಅವನ ಮೀಸೆ ಅದುರತೊಡಗಿತು. ಸಿಟ್ಟಿಗೋ ನಗುವಿಗೋ ತಿಳಿಯಲಿಲ್ಲ. ಇಬ್ಬರನ್ನೂ ಊಟದ ಕೊಠಡಿಗೆ ಕರೆದೊಯ್ದ.

ಉದ್ದನೆಯ ಮೇಜಿನ ತುದಿಯಲ್ಲಿ, ಕಂದು ಕೋಟುಗಳ ಸಾಲಿನ ನಡುವೆ, ಜೇಬೆಜ್ ಸೆಚೆಲ್ ಓಟ್ಸ್ ಗಂಜಿ ಕುಡಿಯುತ್ತಿದ್ದ. ಕಾಲಿಗೆ ಹಗ್ಗದಿಂದ ಹೆಣೆದ ಹೊಸ ಚಪ್ಪಲಿ. ಪಕ್ಕದ ಕೈದಿಯೊಬ್ಬ ಅವನ ಪೈಪಿಗೆ ತಂಬಾಕು ತುಂಬಿಕೊಡುತ್ತಿದ್ದ.

“ಅಪ್ಪಾ!”

“ಬಂದ್ಯಾ? ಹಂದಿ ಸಿಕ್ತಾ?” ಮಾತು ಗಂಜಿಯಂತೆಯೇ ಮೆತ್ತಗಿತ್ತು. ಕಟ್ಟಿಸಿದ ಹಲ್ಲು ಹೊಳೆಯ ಪಾಲಾಗಿತ್ತು.

“ಸಿಕ್ತು. ಏಳು, ಮನೆಗೆ ಹೋಗೋಣ.”

“ತಡಿ. ಗಂಜಿ ಮುಗೀಲಿ.”

ನಿನ್ನೆ ಲಾರಿಯಲ್ಲಿ ಕೈದಿಗಳನ್ನು ಕರೆತಂದ ಕಾರ್ಪೊರಲ್‌ನನ್ನು ಕರೆಸಲಾಯಿತು. ಟಲಿ ಎಂಬ ಹೊಸಬ, ಆ ವಾರವಷ್ಟೇ ಕ್ಯಾಂಪಿಗೆ ಬಂದವನು. ಮುಖ ಸುಣ್ಣವಾಗಿತ್ತು.

“ಸರ್, ಕೋಟಿನ ಬೆನ್ನಲ್ಲಿ ತೇಪೆ ಇತ್ತು. ಎಣಿಸಿದೆ, ಸರಿ ಬಂತು. ಇವರು ಏನೋ ಕೂಗಾಡಿದ್ರು, ಒಂದಕ್ಷರ ಅರ್ಥ ಆಗ್ಲಿಲ್ಲ. ನಡುನಡುವೆ ಜರ್ಮನ್ ಭಾಷೇಲಿ ಬೈತಿದ್ರು ಸರ್. ಚೆನ್ನಾಗೇ ಬೈತಿದ್ರು.”

ಮೇಜರ್ ಜೇಬೆಜ್ ಕಡೆ ತಿರುಗಿದ. “ನಿಜಾನಾ, ಸೆಚೆಲ್ ಅವರೇ?”

“ಹಲ್ಲಿಲ್ದೆ ಇಂಗ್ಲಿಷ್ ಬರಲ್ಲ ಸ್ವಾಮಿ. ಜರ್ಮನ್ ಬೈಗುಳಕ್ಕೆ ಹಲ್ಲು ಬೇಕಾಗಿಲ್ಲ, ಗಂಟ್ಲಿದ್ರೆ ಸಾಕು.” ಮುದುಕ ಬಟ್ಟಲನ್ನು ಬೆರಳಿನಿಂದ ಸವರಿ ಕೆಳಗಿಟ್ಟ. “ಆ ಹುಡುಗನ್ನ ಬೈಬೇಡಿ. ಕೋಟು ಹೇಳಿದ್ದನ್ನ ಅವನು ನಂಬಿದ. ಕೋಟು ಇರೋದೇ ಅದಕ್ಕಲ್ವಾ?”

ಕೈದಿಗಳಲ್ಲಿ ಇಂಗ್ಲಿಷ್ ಬಲ್ಲವನೊಬ್ಬ ಅದನ್ನು ಅನುವಾದಿಸಿದ. ಮೇಜಿನುದ್ದಕ್ಕೂ ನಗು ಹರಿಯಿತು.

ಜೇಬೆಜ್ ಎದ್ದು ನಿಂತ. ಕೋಟಿನ ಗುಂಡಿಗೆ ಕೈ ಹಾಕಿದವನು ಬಿಚ್ಚದೆ ಹಾಗೇ ನಿಂತು, ಯಾರಿಗೂ ಅಲ್ಲವೆಂಬಂತೆ ಮಾತಾಡತೊಡಗಿದ. ಡೋರ್ಕಸ್ ಹತ್ತಿರ ಸರಿದು ಕೇಳಿದಳು. ತನ್ನ ಸೆರೆಯ ಬಗ್ಗೆ ಅಪ್ಪ ಬಾಯಿ ಬಿಟ್ಟದ್ದೇ ಇರಲಿಲ್ಲ.

“ನಮ್ಮ ತಾತ ಯುದ್ಧಕ್ಕೆ ಹೋದಾಗ ಕೆಂಪು ಕೋಟು. ಹೊಗೆ ಮಧ್ಯೆ ನಮ್ಮೋರು ಯಾರು ಅಂತ ಕಾಣ್ಬೇಕಿತ್ತಂತೆ. ನಾನು ಹೋಗೋ ಹೊತ್ಗೆ ಬಂದೂಕು ದೂರ ಹೊಡೆಯೋದು ಕಲ್ತಿತ್ತು, ನಮಗೆ ಮಣ್ಣಿನ ಬಣ್ಣ ಕೊಟ್ರು. ಕಾಣಬಾರ್ದು ಅಂತ. ಹದಿನೆಂಟನೇ ಇಸವೀಲಿ ಸಿಕ್ಕಿಬಿದ್ದೆ. ಅಲ್ಲಿ ಕರೀ ಬಟ್ಟೆ ಕೊಟ್ರು. ಈ ತೋಳು ಇಲ್ಲಿ ಕತ್ತರಿಸಿ, ನಡುವೆ ಸಾಸಿವೆ ಬಣ್ಣದ ಪಟ್ಟಿ ಸೇರಿಸಿ ಹೊಲಿದಿದ್ರು. ಸೈನಿಕ ಕಾಣಬಾರ್ದು, ಕೈದಿ ಕಾಣ್ಬೇಕು. ಬೇರೆ ಏನಕ್ಕೆ ಹೊಡೆದಾಡಿದ್ರೂ ಈ ವಿಷಯದಲ್ಲಿ ಎರಡೂ ಕಡೆಯೋರಿಗೆ ಒಂದೇ ಬುದ್ಧಿ. ಒಂದ್ಸಲ ಓಡಿಹೋದೆ. ಊಟದ ಹೊತ್ಗೆಲ್ಲ ಹಿಡಿದ್ರು. ಪಟ್ಟಿ ನೋಡಿ ಒಬ್ಬ ಮುದುಕಿ ಕಿಟಕಿಯಿಂದ ಕೂಗಿದ್ಲು.”

ಅವನು ಬಲಗೈಯಿಂದ ಎಡತೋಳನ್ನು ಮೆಲ್ಲಗೆ ಉಜ್ಜಿಕೊಂಡ. ಆಮೇಲೆ ಏವಾಲ್ಡ್‌ನನ್ನು ನೇರವಾಗಿ ನೋಡಿದ.

“ನೀನು ಜರ್ಮನ್ನವನು ಅಂತ ನಾನು ಹಂದಿಗೂಡಿಗೆ ಹೋಗ್ತಿರ್ಲಿಲ್ಲ ಕಣಯ್ಯ. ನಿನ್ನ ಬೆನ್ನು ನೋಡಿದ್ರೆ ನನ್ನ ತೋಳು ಕಡೀತಿತ್ತು. ಇಪ್ಪತ್ತೊಂಬತ್ತು ವರ್ಷ ಆಯ್ತು, ಇನ್ನೂ ಕಡಿಯತ್ತೆ.”

“ಈಗ?” ಎಂದ ಏವಾಲ್ಡ್.

ಮುದುಕ ಯೋಚಿಸಿದ. “ನಿನ್ನೆ ರಾತ್ರಿ ಚೆನ್ನಾಗಿ ನಿದ್ದೆ ಬಂತು. ನಿನ್ನ ಮಂಚ ನಮ್ಮನೇದಕ್ಕಿಂತ ವಾಸಿ. ಸೂಪು ಮಾತ್ರ ನೀರು.”

ಇಬ್ಬರೂ ಅಲ್ಲೇ ಕೋಟು ಬದಲಾಯಿಸಿಕೊಂಡರು. ಕಂದು ಕೋಟು ಮೈಮೇಲೆ ಬಿದ್ದದ್ದೇ ಏವಾಲ್ಡ್ ಕೈದಿಯಾದ; ಓವರ್‌ಕೋಟು ತೊಟ್ಟ ಜೇಬೆಜ್‌ಗೆ ಕಾರ್ಪೊರಲ್ ‘ಸರ್’ ಎಂದ. ಮೇಜರ್ ವೆನಿಂಗ್ ಗಂಟಲು ಸರಿಮಾಡಿಕೊಂಡ. ಒಬ್ಬ ಇಂಗ್ಲಿಷ್ ಮುದುಕನನ್ನು ಕೂಡಿಹಾಕಿದ್ದು, ಒಬ್ಬ ಕೈದಿ ಇಡೀ ರಾತ್ರಿ ಹೊರಗಿದ್ದದ್ದು ಎರಡೂ ಮೇಲಿನವರ ಕಿವಿಗೆ ಬಿದ್ದರೆ ಯಾರಿಗೂ ಒಳ್ಳೆಯದಲ್ಲ ಎಂಬುದು ಅವನ ಮುಖದಲ್ಲೇ ಬರೆದಿತ್ತು.

“ನಿನ್ನೆ ಎಣಿಕೆ ಸರಿ ಇತ್ತು, ಇವತ್ತೂ ಸರಿ ಇದೆ,” ಎಂದ. “ಅಷ್ಟಕ್ಕೇ ಬಿಡೋಣ. ಸೆಚೆಲ್ ಅವರೇ, ನಿಮ್ಮ ತಕರಾರೇನಾದ್ರೂ ಇದ್ಯಾ?”

“ಒಂದಿದೆ. ಇವನು ಭಾನುವಾರ ಬರ್ತಾನಲ್ಲ, ಇನ್ಮೇಲೆ ಸ್ವಲ್ಪ ಬೇಗ ಬಿಡಿ. ಊಟ ತಣ್ಣಗಾಗತ್ತೆ.”

ನೀರು ಇಳಿಯಲು ವಾರಗಳೇ ಹಿಡಿದವು. ಕೈದಿಗಳು ಕುಸಿದ ಏರಿ ಕಟ್ಟಿದರು, ಹೊಲಗಳ ಹೂಳು ಎತ್ತಿದರು, ಹೆಪ್ಸಿಬಾಳ ಮಂಚವನ್ನು ಮತ್ತೆ ಬಿಚ್ಚಿ ಅವಳ ಮನೆಗೆ ಸಾಗಿಸಿದರು. ಭಾನುವಾರದ ಊಟಕ್ಕೆ ಈಗ ಮೇಜಿನ ಸುತ್ತ ಮೂರು ಕುರ್ಚಿ. ಜೇಬೆಜ್‌ಗೆ ಹೊಸ ಹಲ್ಲು ಬರುವವರೆಗೆ ಮಗಳು ಮಾಂಸವನ್ನು ಸಣ್ಣಗೆ ಕೊಚ್ಚಿ ಕೊಡುತ್ತಿದ್ದಳು. ಊಟದ ನಂತರ ಇಬ್ಬರು ಗಂಡಸರೂ ಸೆರೆಯ ಅನುಭವಗಳನ್ನು ಪೈಪೋಟಿಯ ಮೇಲೆ ಹೇಳಿಕೊಳ್ಳುತ್ತಿದ್ದರು.

“ನಮಗೆ ಮರದ ಬೂಟು ಕೊಟ್ಟಿದ್ರು,” ಎನ್ನುತ್ತಿದ್ದ ಜೇಬೆಜ್.

“ನಮಗೆ ಬೂಟು ಒಳ್ಳೇದು. ಆದ್ರೆ ಎರಡೂ ಎಡಗಾಲಿಂದು,” ಎನ್ನುತ್ತಿದ್ದ ಏವಾಲ್ಡ್.

“ಸುಳ್ಳು ಹೇಳ್ಬೇಡ್ವೋ!”

ಜುಲೈನಲ್ಲಿ ಕೈದಿಗಳು ಇಲ್ಲಿನ ಹೆಣ್ಣುಗಳನ್ನು ಮದುವೆಯಾಗಬಹುದು ಎಂಬ ಸುದ್ದಿ ರೇಡಿಯೋದಲ್ಲಿ ಬಂತು. ಡೋರ್ಕಸ್ ಬಟಾಣಿ ಸುಲಿಯುತ್ತಿದ್ದಳು. ಕೈ ನಿಲ್ಲಲಿಲ್ಲ, ಆದರೆ ಸಿಪ್ಪೆ ಬಟ್ಟಲಿಗೂ ಕಾಳು ಕಸದ ಬುಟ್ಟಿಗೂ ಬೀಳತೊಡಗಿದವು. ಅಪ್ಪ ಪೇಪರಿನ ಹಿಂದಿನಿಂದ ಹೇಳಿದ:

“ಅವನು ಕೇಳ್ದೇ ಇದ್ರೆ ನೀನೇ ಕೇಳು. ನಾಚ್ಕೊಂಡು ಕೂತ್ರೆ ಊರಿಗೆ ಕಳಿಸಿಬಿಡ್ತಾರೆ.”

ಭಾನುವಾರ ಏವಾಲ್ಡ್ ತಾನೇ ಕೇಳಿದ. ಏರಿಯ ಮೇಲೆ ನಡೆಯುವಾಗ, ಜರ್ಮನ್‌ನಲ್ಲಿ ಒಮ್ಮೆ, ತಪ್ಪುತಪ್ಪಾದ ಇಂಗ್ಲಿಷಿನಲ್ಲಿ ಒಮ್ಮೆ. ಡೋರ್ಕಸ್ ಎರಡಕ್ಕೂ ಸೇರಿಸಿ ಒಂದೇ ಸಲ ಹೂಂ ಅಂದಳು.

ತೊಡುವುದು ಏನು ಎಂಬುದೇ ಆಮೇಲಿನ ಚಿಂತೆ. ಕೈದಿಗೆ ಇದ್ದದ್ದು ಕೈದಿಯ ಬಟ್ಟೆ ಮಾತ್ರ. ಬಟ್ಟೆಗೆ ಆಗ ಪಡಿತರದ ಕೂಪನ್ನು ಬೇಕಿತ್ತು, ಕೈದಿಗೆ ಅದೂ ಇಲ್ಲ. ಹಳದಿ ದುಂಡನ್ನು ತೆಗೆದು ಕಂದು ಬಟ್ಟೆ ಕೂರಿಸೋಣವೆಂದು ಯಾರೋ ಸೂಚಿಸಿದರು. ಡೋರ್ಕಸ್ ಒಪ್ಪಲಿಲ್ಲ. “ಅಂಚು ಕಾಣ್ತಾನೇ ಇರತ್ತೆ. ಅದನ್ನ ಹೊಲಿಯೋದು ಹೇಗೆ ಅಂತ ಗೊತ್ತಿದ್ದೇ ಹೇಳ್ತಿದೀನಿ,” ಎಂದಳು. ತನ್ನ ಕೂಪನ್ನುಗಳನ್ನೆಲ್ಲ ಒಟ್ಟುಮಾಡಿದಳು. ಜೇಬೆಜ್ ತನ್ನವನ್ನು ಮೇಜಿನ ಮೇಲೆ ಎಸೆದ. ಹೆಪ್ಸಿಬಾ, ವಿಧವೆಗೆ ಹೊಸ ಉಡುಪು ಯಾಕೆ ಎಂದು ತನ್ನದನ್ನೂ ಕೊಟ್ಟಳು. ಮಾರುಕಟ್ಟೆ ಪಟ್ಟಣದಿಂದ ಬೂದು ಉಣ್ಣೆಬಟ್ಟೆ ಬಂತು.

ಅಳತೆ ತೆಗೆಯಲು ಅವನನ್ನು ಅಡುಗೆಮನೆಯ ನಡುವೆ ನಿಲ್ಲಿಸಿದಳು. ಕಾರ್ಖಾನೆಯಲ್ಲಿ ಸಣ್ಣದು, ನಡುವಣದು, ದೊಡ್ಡದು ಅಂತ ಹೊಲಿದಿದ್ದಳೇ ಹೊರತು, ಒಬ್ಬ ಮನುಷ್ಯನ ಮೈ ನೋಡಿ ಕೋಟು ಕತ್ತರಿಸಿದವಳಲ್ಲ. ಟೇಪು ಹಿಡಿದು ಅವನ ಭುಜ ಅಳೆದಾಗ ಬಲಭುಜ ಎಡಕ್ಕಿಂತ ಒಂದಿಷ್ಟು ತಗ್ಗಿರುವುದು ಗೊತ್ತಾಯಿತು. ಬಾಲ್ಯದಿಂದ ದೋಣಿಯ ಕೋಲು ಒತ್ತಿದ ಭುಜ. ಒಂದು ಕೈ ಇನ್ನೊಂದಕ್ಕಿಂತ ಉದ್ದ. ಎರಡು ಸೈನ್ಯಗಳು ತೊಡಿಸಿದ ಯಾವ ಕೋಟಿಗೂ ಇದು ತಿಳಿದಿರಲಿಲ್ಲ.

“ಏನು ನಗ್ತೀಯ?” ಎಂದ ಅವನು.

“ನೀನು ವಕ್ರವಾಗಿದೀಯ.”

“ಸರಿ ಮಾಡ್ತೀಯಾ?”

“ಊಹೂಂ. ಕೋಟನ್ನೇ ವಕ್ರವಾಗಿ ಹೊಲಿತೀನಿ.”

ಆಗಸ್ಟಿನ ಒಂದು ಶನಿವಾರ ಚಾಪೆಲ್ಲಿನಲ್ಲಿ ಮದುವೆಯಾಯಿತು. ಗಂಡಿನ ಕಡೆಯವರಾಗಿ ಕ್ಯಾಂಪಿನ ಎಂಟು ಜನ ಬಂದಿದ್ದರು, ಸಾಲಾಗಿ ಕುಳಿತಿದ್ದರು, ಹಿಂದಿನ ಬೆಂಚಿನವರಿಗೆ ಎಂಟು ಹಳದಿ ದುಂಡುಗಳು. ಬಾಗಿಲ ಬಳಿ ಪಹರೆಗೆ ಬಂದಿದ್ದ ಕಾರ್ಪೊರಲ್ ಟಲಿಯೂ ಒಂದು ಹಾಡಿನ ಪುಸ್ತಕ ಹಿಡಿದು ಹಾಡಿದ. ಊಟಕ್ಕೆ ಹಂದಿಮಾಂಸದ ಕಡುಬು, ಬಟಾಣಿ, ಮೊಟ್ಟೆಯ ಪುಡಿಯಲ್ಲಿ ಮಾಡಿದ್ದರೂ ಪರವಾಗಿಲ್ಲ ಎನ್ನುವಂಥ ಕೇಕು. ಜೇಬೆಜ್ ಎಂಟೂ ಜನರ ತಟ್ಟೆಗೆ ತಾನೇ ಬಡಿಸಿದ, ಬೇಡ ಎಂದವರಿಗೆ ಹಳೆಯ ಬೈಗುಳ ಬೈದು ಬಡಿಸಿದ.

ಮದುಮಗ ಇನ್ನೂ ಕೈದಿಯೇ ಆಗಿದ್ದ. ನಿಯಮದಂತೆ ಕತ್ತಲಾಗುವ ಮೊದಲು ಕ್ಯಾಂಪು ಸೇರಬೇಕಿತ್ತು. ಮೇಜರ್ ವೆನಿಂಗ್ ಕಳಿಸಿದ್ದ ಉಡುಗೊರೆಯನ್ನು ಕಾರ್ಪೊರಲ್ ಊಟದ ಕೊನೆಯಲ್ಲಿ ನೆನಪಿಸಿಕೊಂಡು ಹೇಳಿದ: “ಸೋಮವಾರ ಬೆಳಿಗ್ಗೆ ಬಂದ್ರೆ ಸಾಕಂತೆ.” ಹೆಂಗಸರು ಚಪ್ಪಾಳೆ ತಟ್ಟಿದರು. ಏವಾಲ್ಡ್ ಎದ್ದು ಟಲಿಯ ಕೈ ಹಿಡಿದು ಕುಲುಕಿದ. ಬಿಡುಗಡೆ ಸಿಕ್ಕಿದ್ದು ಮುಂದಿನ ವಸಂತದಲ್ಲಿ. ಆಮೇಲೆ ಏವಾಲ್ಡ್ ಅದೇ ನದಿಯಲ್ಲಿ ಹೂಳೆತ್ತುವ ದೋಣಿಗೆ ಸೇರಿದ, ವಾಡ್ನಿಯಲ್ಲೇ ಉಳಿದ.

ಅಂದು ಸಂಜೆ ಅತಿಥಿಗಳು ಹೊರಟಾಗ ಜೇಬೆಜ್ ಕೂಡ ಕೋಲು ತೆಗೆದುಕೊಂಡ.

“ನೀನೆಲ್ಲಿಗಪ್ಪ?” ಎಂದಳು ಡೋರ್ಕಸ್.

“ಇವರನ್ನ ಗೇಟಿನ ತನಕ ಬಿಟ್ಟು ಬರ್ತೀನಿ. ದಾರೀಲಿ ಹೆಪ್ಸಿಬಾ ಮನೇಲಿ ಚಹಾ ಕುಡ್ದು, ನಿಧಾನಕ್ಕೆ ಬರ್ತೀನಿ. ನನಗೆ ಕಾಯ್ಬೇಡಿ.”

ಏರಿಯ ಮೇಲೆ ಅವರೆಲ್ಲ ಒಬ್ಬರ ಹಿಂದೊಬ್ಬರು ನಡೆದರು. ಮುದುಕ ಎಲ್ಲರಿಗಿಂತ ಮುಂದೆ, ಕೈ ಬೀಸಿಕೊಂಡು ಏನೋ ಹೇಳುತ್ತಿದ್ದ; ಸಾಲಿನುದ್ದಕ್ಕೂ ನಗು ಕೇಳುತ್ತಿತ್ತು. ಬಯಲಿನಲ್ಲಿ ಗೋಧಿ ಕಟಾವಿಗೆ ಬಂದಿತ್ತು. ಡೋರ್ಕಸ್ ಅವರು ಮರೆಯಾಗುವವರೆಗೆ ನೋಡಿ, ಒಳಗೆ ಬಂದು, ಗಂಡನ ಎದುರಿಗೆ ಎರಡನೆಯ ತುಂಡು ಕೇಕು ಇಟ್ಟಳು.